ಹತ್ತೊಂಬತ್ತನೆಯವನು

ಇಂಕೆ ಅತ್ತೆಗೆ ಕಣ್ಣಿಗಿಂತ ಕೈಯ ಮೇಲೆ ನಂಬಿಕೆ ಹೆಚ್ಚು. ಸಮುದ್ರ ಇಳಿದ ಹೊತ್ತಿನಲ್ಲಿ ಒಡ್ಡಿನಿಂದ ಎದುರಿನ ದ್ವೀಪದವರೆಗೆ ಕೆಸರಿನ ಮೇಲೆ ಜನರನ್ನು ನಡೆಸಿಕೊಂಡು ಹೋಗುವುದು ಅವಳ ಮೂವತ್ತೊಂದು ವರ್ಷದ ಕೆಲಸ. ದಾರಿಯಲ್ಲಿ ಎರಡು ತೋಡುಗಳು. ಇಳಿತದಲ್ಲೂ ಅವುಗಳಲ್ಲಿ ಮೊಣಕಾಲುದ್ದ ನೀರಿರುತ್ತದೆ. ಪ್ರತಿ ತೋಡು ದಾಟಿದ ಮೇಲೆ ಒಬ್ಬೊಬ್ಬರ ಭುಜ ಮುಟ್ಟಿ ಎಣಿಸಬೇಕು ಎಂಬುದು ಅವಳ ಕಟ್ಟಳೆ. "ಕಣ್ಣು ತನಗೆ ಬೇಕಾದ್ದನ್ನ ನೋಡಿಕೊಳ್ಳತ್ತೆ ಕಣೆ. ಕೈಗೆ ಅಷ್ಟೊಂದು ಜಾಣತನ ಇಲ್ಲ," ಎನ್ನುತ್ತಿದ್ದಳು. ಸಾಲಿನ ಮುಂದೆ ಅತ್ತೆ, ಕೊನೆಯಲ್ಲಿ ಅವಳ ಅಣ್ಣನ ಮಗಳು ಮಾರೆಟ್. ಕೊನೆಯವಳ ಕೆಲಸ ಎರಡೇ: ತನ್ನ ಹಿಂದೆ ಯಾರನ್ನೂ ಬಿಡಬಾರದು, ಎಣಿಸಿದ್ದನ್ನು ಮುಂದಕ್ಕೆ ಕೂಗಿ ಹೇಳಬೇಕು.

ಮಾರೆಟ್‌ಗೆ ಇಪ್ಪತ್ಮೂರು. ಕೀಲ್ ಪಟ್ಟಣದಲ್ಲಿ ಸಮುದ್ರಜೀವಿಗಳ ಬಗ್ಗೆ ಓದಿ ಪದವಿ ಮುಗಿಸಿ ಬಂದಿದ್ದಳು. ಕೆಸರಿನ ಹುಳುವಿನ ಬಗ್ಗೆ ಕೇಳಿದರೆ ಅರ್ಧ ಗಂಟೆ ಹೇಳಬಲ್ಲಳು. ಯಾರಾದರೂ "ಹೇಗಿದ್ದೀರಿ" ಎಂದರೆ ಮಾತ್ರ ತಲೆಯಾಡಿಸಿ ಪಕ್ಕಕ್ಕೆ ಸರಿದುಬಿಡುತ್ತಿದ್ದಳು. ಕೂಗಿ ಎಣಿಕೆ ಹೇಳುವುದನ್ನು ಕಲಿಯಲಿಕ್ಕೇ ಅವಳಿಗೆ ಒಂದು ಬೇಸಿಗೆ ಹಿಡಿದಿತ್ತು. ಅವತ್ತಿನದು ಅತ್ತೆಯ ಜೊತೆಗಿನ ನಲವತ್ತನೆಯ ನಡಿಗೆ. ಇದೊಂದು ಸುಸೂತ್ರವಾಗಿ ಮುಗಿದರೆ ಜನರನ್ನು ನಡೆಸಲು ಅವಳದೇ ಹೆಸರಿನಲ್ಲಿ ಪರವಾನಗಿ.

ಬೆಳಿಗ್ಗೆ ಎಂಟಕ್ಕೆ ಒಡ್ಡಿನ ಮೇಲೆ ಹತ್ತೊಂಬತ್ತು ಜನ ಸೇರಿದ್ದರು. ಶೂಗಳನ್ನು ಹಗ್ಗದಿಂದ ಕಣಕಾಲಿಗೆ ಬಿಗಿದು ಕಟ್ಟದಿದ್ದರೆ ಕೆಸರು ಅವನ್ನು ಕಿತ್ತುಕೊಳ್ಳುತ್ತದೆ. ಮಾರೆಟ್ ಹಗ್ಗದ ತುಂಡು ಹಂಚುತ್ತ, ಗಂಟುಗಳನ್ನು ಎಳೆದು ನೋಡುತ್ತ, ಬಗ್ಗಿಕೊಂಡೇ ಸಾಲಿನುದ್ದಕ್ಕೂ ಬಂದಳು. ಬಗ್ಗಿದ್ದರೆ ಮುಖ ನೋಡಬೇಕಿಲ್ಲ, ಕಾಲುಗಳ ಜೊತೆಗಷ್ಟೇ ವ್ಯವಹಾರ. ಅವಳಿಗೆ ಅದು ಹಿತವಾಗಿತ್ತು.

"ಈ ಗಂಟು ಸಾಕಾ ನೋಡಿ. ಲಿಫ್ಟ್ ರಿಪೇರಿ ನನ್ನ ಕೆಲಸ, ಅದರ ಕೇಬಲ್ ಆಗಿದ್ರೆ ನಾನೇ ಹೇಳ್ತಿದ್ದೆ. ಹಗ್ಗದ ವಿದ್ಯೆ ನಂಗೆ ಬರಲ್ಲ."

ಅವಳು ತಲೆಯೆತ್ತಿದಳು.

ಅಂಥ ರೂಪವಂತನೇನಲ್ಲ. ಎಡಗಿವಿ ಬಲಗಿವಿಗಿಂತ ಕೊಂಚ ಹೊರಕ್ಕೆ ಚಾಚಿಕೊಂಡಿತ್ತು, ಗಲ್ಲದ ಮೇಲೆ ಕ್ಷೌರ ಮಾಡುವಾಗ ತಪ್ಪಿಸಿಕೊಂಡ ಒಂದು ಪಟ್ಟಿ. ಕತ್ತಲ ಮಾಳಿಗೆಯಲ್ಲಿ ಇನ್ನೊಂದು ಮೆಟ್ಟಿಲಿದೆ ಎಂದು ಕಾಲಿಟ್ಟು, ಅಲ್ಲಿ ಮೆಟ್ಟಿಲು ಇಲ್ಲದಾಗ ಆಗುತ್ತದಲ್ಲ, ಹಾಗಾಯಿತು ಅವಳಿಗೆ. ಸಂತೋಷ ಎನ್ನುವುದು ಅದರ ಹತ್ತಿರಕ್ಕೂ ಸುಳಿಯಲಿಲ್ಲ. ಶುದ್ಧ ಭಯ. ಈ ಮುಖ ತನಗೆ ಮೊದಲಿಂದ ಗೊತ್ತು, ಇನ್ನು ಮುಂದೆ ಇದನ್ನು ಕಾಣದೆ ಇರುವುದು ಕಷ್ಟ, ಇದನ್ನು ಈಗಲೇ ಯಾರಾದರೂ ತನ್ನ ಮುಖದ ಮೇಲೆ ಓದಿಬಿಡುತ್ತಾರೆ. ಈ ಮೂರೂ ಒಟ್ಟಿಗೇ ಹೊಳೆದವು.

"ಸಾಕು," ಎಂದಳು, ಗಂಟನ್ನು ನೋಡದೆ.

"ಆನ್ಸ್‌ಗರ್, ಅವರ ತಲೆ ತಿನ್ಬೇಡ. ಇನ್ನೂ ಹತ್ತು ಜೊತೆ ಕಾಲು ಬಾಕಿ ಇದೆ," ಎಂದು ಪಕ್ಕದಲ್ಲಿದ್ದ ಹೆಂಗಸು ಅವನ ಬೆನ್ನಿಗೆ ಗುದ್ದಿದಳು. ಅವನ ಅಕ್ಕ, ಬೆಟ್ಟಿನಾ. ಬೇಡ ಬೇಡವೆಂದರೂ ತಮ್ಮನನ್ನು ಒಳನಾಡಿನ ಊರಿನಿಂದ ಹೊರಡಿಸಿಕೊಂಡು ಬಂದವಳು ಅವಳೇ ಎಂಬುದು ಆಗಲೇ ಸಾಲಿಗೆಲ್ಲ ತಿಳಿದಿತ್ತು, ಅಷ್ಟು ದೊಡ್ಡ ದನಿ ಅವಳದು.

ಕೆಸರಿಗೆ ಇಳಿದ ಮೇಲೆ ಅವನು ಹಿಂದೆ ಹಿಂದೆಯೇ ಉಳಿದ. ಬೇಕೆಂದೇ ಉಳಿದನೋ ನಡಿಗೆಯೇ ನಿಧಾನವೋ ಮಾರೆಟ್‌ಗೆ ಗೊತ್ತಾಗಲಿಲ್ಲ. ಅವಳು ಕೊನೆಯವಳು, ಅವನು ಅವಳ ಪಕ್ಕ. ಮೊದಲ ತೋಡನ್ನು ದಾಟಿ ಎಲ್ಲರೂ ಒದ್ದೆ ಕಾಲಲ್ಲಿ ನಿಂತಾಗ ಅವಳು ಭುಜಗಳನ್ನು ಮುಟ್ಟುತ್ತ ಬಂದಳು. ಹದಿನೆಂಟು ಭುಜ. ಹತ್ತೊಂಬತ್ತನೆಯದರ ಮುಂದೆ ಕೈ ಎದ್ದಿತು, ಗಾಳಿಯಲ್ಲೇ ನಿಂತಿತು, ಕೆಳಗಿಳಿಯಿತು.

"ಹತ್ತೊಂಬತ್ತು!" ಎಂದು ಕೂಗಿದಳು.

"ನನ್ನನ್ನ ಮುಟ್ಲೇ ಇಲ್ಲ ನೀವು," ಎಂದ ಆನ್ಸ್‌ಗರ್.

"ಎಣಿಸಿದೆ."

"ಹಾಗಿದ್ರೆ ಸರಿ. ಇಲ್ಲಿ ಲೆಕ್ಕಕ್ಕೆ ಸಿಗದೆ ಇರೋದು ಒಳ್ಳೇದಲ್ಲ ಅನ್ಸತ್ತೆ."

ಅವನು ನಕ್ಕ. ಅವಳ ಕಿವಿ ಕಾದವು. ಮುಂದಿನ ಕಾಲು ಗಂಟೆ ಅವನು ಒಂದೊಂದೇ ಕೇಳುತ್ತ ಬಂದ. ಕೆಸರು ಯಾಕೆ ಚಿಟಿಚಿಟಿ ಸದ್ದು ಮಾಡುತ್ತದೆ, ದೂರದಲ್ಲಿ ಕಾಣುವ ಆ ಕಂಬದ ಮೇಲಿನ ಗೂಡು ಯಾತಕ್ಕೆ? ನೀರು ಬಂದಾಗ ಸಿಕ್ಕಿಬಿದ್ದವರು ಹತ್ತಿ ಕೂರಲಿಕ್ಕೆ, ಎಂದಳು. ನೀವು ಹತ್ತಿದ್ದೀರಾ? ಇಲ್ಲ. ಅವಳ ಉತ್ತರಗಳು ಚಿಕ್ಕವಾಗುತ್ತಾ ಹೋದವು, ಎದೆಯ ಬಡಿತ ದೊಡ್ಡದಾಗುತ್ತಾ ಹೋಯಿತು. ಇನ್ನೊಂದು ಪ್ರಶ್ನೆ ಕೇಳಿದರೆ ತನ್ನ ಬಾಯಿಂದ ಏನು ಹೊರಬೀಳುತ್ತದೋ ಎಂದು ದಿಗಿಲಾಯಿತು. ಕೊನೆಯವಳು ಯಾವತ್ತೂ ಮಾಡಬಾರದ್ದನ್ನು ಅವಳು ಮಾಡಿದ್ದು ಆಗಲೇ. "ಒಂದು ನಿಮಿಷ," ಎಂದು ಹೆಜ್ಜೆ ಚುರುಕು ಮಾಡಿ ಅವನನ್ನು ದಾಟಿ ಮುಂದೆ ಹೋದಳು, ಸಾಲಿನ ಬಾಲದಿಂದ ಎರಡನೆಯವಳಾಗಿ ನಡೆಯತೊಡಗಿದಳು. ಬೆನ್ನ ಹಿಂದೆ ಅವನ ಹೆಜ್ಜೆ ಕೇಳುತ್ತಿತ್ತು. ಕೇಳುತ್ತಿದ್ದರೆ ಸಾಕಲ್ಲ, ನೋಡಲೇಬೇಕೆ?

ಪಶ್ಚಿಮದಿಂದ ಮಂಜು ಬಂದಿತು. ಮೊದಲು ದ್ವೀಪದ ಮನೆಗಳ ಬುಡ ಅಳಿಸಿಹೋಯಿತು, ಆಮೇಲೆ ಸೂರು, ಆಮೇಲೆ ದ್ವೀಪವೇ ಇಲ್ಲ. ಮುಂದಿನಿಂದ ಅತ್ತೆ ಕೂಗಿದಳು: "ಹತ್ರ ಹತ್ರ ಬನ್ನಿ! ಕುರಿ ಥರ ಒತ್ಕೊಂಡು ಬನ್ನಿ, ನಾಚಿಕೆ ಮಾಡ್ಕೋಬೇಡಿ!" ಎರಡನೆಯ ತೋಡು ದಾಟಿ ಮಾರೆಟ್ ಮತ್ತೆ ಭುಜ ಮುಟ್ಟಿದಳು. ಹದಿನೆಂಟು. ಹಿಂದೆ ಮಂಜಿನಲ್ಲಿ ಯಾರೋ ನೀರು ತುಳಿದು ಬರುವ ಸದ್ದು, ಪಚ್, ಪಚ್. ಅವನೇ. ಈಗ ತಿರುಗಿದರೆ ಆ ಮುಖ ಎರಡು ಮೊಳದ ದೂರದಲ್ಲಿರುತ್ತದೆ. ಅವಳು ತಿರುಗಲಿಲ್ಲ.

"ಹತ್ತೊಂಬತ್ತು!"

"ಹತ್ತೊಂಬತ್ತು, ಸರಿ!" ಎಂದು ಅತ್ತೆಯ ದನಿ ಮಂಜಿನೊಳಗಿಂದ ಬಂತು. ಸಾಲು ಮುಂದೆ ಸರಿಯಿತು.

ಕಪ್ಪೆಚಿಪ್ಪಿನ ದಿಬ್ಬ ಸಿಕ್ಕಿದಾಗ ಎಲ್ಲರೂ ನಿಂತರು. ಅತ್ತೆ ಫ್ಲಾಸ್ಕಿನಿಂದ ಕಪ್ಪು ಚಹಾ ಸುರಿದು, ಕಲ್ಲುಸಕ್ಕರೆಯ ಡಬ್ಬಿ ತೆರೆದಳು. ಬೆಟ್ಟಿನಾ ಎರಡು ಲೋಟ ಹಿಡಿದುಕೊಂಡು ಹಿಂದಕ್ಕೆ ಬಂದಳು.

"ನನ್ನ ತಮ್ಮ ಎಲ್ಲಿ?"

"ಹಿಂದೆ..." ಎನ್ನುತ್ತ ಮಾರೆಟ್ ತಿರುಗಿದಳು.

ಬಿಳಿಯ ಗೋಡೆಯ ಒಳಗಿಂದ ಒಂದು ಜೋಡಿ ದೊಡ್ಡ ಬಾತುಗಳು, ಕೆಂಪು ಕೊಕ್ಕು ಆಡಿಸುತ್ತ, ತೆಳುನೀರಿನಲ್ಲಿ ಪಚ್ ಪಚ್ ಎಂದು ನಡೆದು ಬಂದವು. ಅವರನ್ನೆಲ್ಲ ನೋಡಿ ಬೇಸರದಿಂದ ಪಕ್ಕಕ್ಕೆ ತಿರುಗಿದವು. ಅವುಗಳ ಹಿಂದೆ ಯಾರೂ ಇರಲಿಲ್ಲ.

ಬೆಟ್ಟಿನಾಳ ಕೈಯಲ್ಲಿನ ಲೋಟಗಳು ಓರೆಯಾಗಿ ಚಹಾ ಕೆಸರಿಗೆ ಸುರಿಯುತ್ತಿದ್ದುದು ಅವಳಿಗೆ ತಿಳಿಯಲಿಲ್ಲ. "ಆನ್ಸ್‌ಗರ್!" ಎಂದು ಕೂಗಿದಳು. ಮತ್ತೆ ಕೂಗಿದಳು. ಮಂಜು ದನಿಯನ್ನು ನುಂಗಿಕೊಂಡಿತು.

ಇಂಕೆ ಅತ್ತೆ ನಿಧಾನವಾಗಿ ಬಂದಳು. ಗಾಬರಿಯಾದಷ್ಟೂ ನಿಧಾನವಾಗುವುದು ಅವಳ ಸ್ವಭಾವ. "ಈಗಷ್ಟೇ ತಾನೇ ಎಣಿಸಿದ್ದು? ಹಾಗಿದ್ರೆ ಎರಡನೇ ತೋಡು ದಾಟಿದಾನೆ, ಇಲ್ಲೇ ದಿಬ್ಬದ ಸುತ್ತಮುತ್ತ ಇರ್ಬೇಕು. ಕೈ ಕೈ ಹಿಡ್ಕೊಂಡು ಸುತ್ತ ಹುಡುಕೋಣ. ಉಬ್ಬರ ಶುರುವಾಗಿ ಆಗಲೇ ಅರ್ಧ ಗಂಟೆ ಆಯ್ತು, ಹೊತ್ತಿಲ್ಲ."

ಹದಿನೆಂಟು ಜೊತೆ ಕಣ್ಣು ಮಾರೆಟ್‌ಳ ಮೇಲೆ. ಹೌದು ಎಂದುಬಿಡುವುದು ಎಷ್ಟು ಸುಲಭ! ತಲೆಯಾಡಿಸಿದರೆ ಸಾಕು. ಎಲ್ಲರೂ ಈ ದಿಬ್ಬದ ಸುತ್ತ ಹುಡುಕುತ್ತಾರೆ, ಅವನು ಮಾತ್ರ ಎರಡು ತೋಡುಗಳ ನಡುವಿನ ಮರಳಿನ ಮೇಲೆ ಎಲ್ಲೋ ನಿಂತಿರುತ್ತಾನೆ, ಎರಡೂ ಕಡೆಯಿಂದ ನೀರು ತುಂಬುತ್ತ ಬರುತ್ತದೆ. ಕಾಲುಗಳ ಕೆಳಗೆ ಕೆಸರು ಚಿಟಿಚಿಟಿ ಎನ್ನುತ್ತಿತ್ತು.

"ಎಣಿಸಿಲ್ಲ ಅತ್ತೆ," ಎಂದಳು.

"ಏನಂದೆ?"

"ಎರಡನೇ ತೋಡಲ್ಲಿ ಅವರನ್ನ ಎಣಿಸಿಲ್ಲ. ಸದ್ದು ಕೇಳಿ ಹತ್ತೊಂಬತ್ತು ಅಂದೆ. ಮೊದಲನೇದ್ರಲ್ಲೂ ಮುಟ್ಟಿಲ್ಲ. ಅಲ್ಲಿ ಇದ್ರು, ಕಣ್ಣಲ್ಲಿ ನೋಡಿದೀನಿ. ಆಮೇಲೆ ನಾನು ಅವರನ್ನ ಹಿಂದೆ ಬಿಟ್ಟು ಮುಂದೆ ಬಂದೆ."

"ಯಾಕೆ?" ಎಂದು ಕಿರುಚಿದಳು ಬೆಟ್ಟಿನಾ. "ಯಾಕೆ ಬಿಟ್ರಿ? ಅವನೇನಾದ್ರೂ ಅಂದ್ನಾ?"

"ಇಲ್ಲ. ಏನೂ ಅನ್ಲಿಲ್ಲ." ಮಾರೆಟ್ ತನ್ನ ಬೂಟಿನ ತುದಿಯನ್ನೇ ನೋಡುತ್ತ ಹೇಳಿದಳು, ಆದರೆ ಎಲ್ಲರಿಗೂ ಕೇಳುವಷ್ಟು ಗಟ್ಟಿಯಾಗಿ ಹೇಳಿದಳು. "ನಂಗೆ ಅವರನ್ನ ನೋಡೋಕೆ ಹೆದರಿಕೆ ಆಯ್ತು. ಬೆಳಿಗ್ಗೆ ಒಡ್ಡಿನ ಮೇಲೆ ಒಂದ್ಸಲ ನೋಡಿದ್ನಲ್ಲ, ಆವಾಗಿಂದ. ಬೇರೆ ಕಾರಣ ಇಲ್ಲ."

ಒಬ್ಬ ಮುದುಕ ಟೋಪಿ ತೆಗೆದು ಮತ್ತೆ ಹಾಕಿಕೊಂಡ. ಅತ್ತೆಯ ಮುಖದಲ್ಲಿ ಏನೋ ಬಂದು ಹೋಯಿತು. ಅದನ್ನು ಅರ್ಥಮಾಡಿಕೊಳ್ಳಲು ಯಾರಿಗೂ ಸಮಯವಿರಲಿಲ್ಲ.

"ಸರಿ. ಎರಡು ತೋಡುಗಳ ಮಧ್ಯೆ," ಎಂದಳು ಅತ್ತೆ. ವಾಕಿಟಾಕಿಯಲ್ಲಿ ದ್ವೀಪದ ಬೋಟಿಗೆ ಮೂರು ಮಾತಿನಲ್ಲಿ ಸುದ್ದಿ ಹೇಳಿದಳು. ಆಮೇಲೆ ಮಾರೆಟ್ ಕಡೆ ತಿರುಗಿದಳು. "ನಾನು ಇವರನ್ನ ಬಿಟ್ಟು ಬರೋ ಹಾಗಿಲ್ಲ, ದ್ವೀಪ ಮುಟ್ಟಿಸ್ಬೇಕು. ನೀನು ವಾಪಸ್ ಹೋಗು. ದಿಕ್ಸೂಚಿ ಮೇಲೆ ನಂಬಿಕೆ ಇಡು, ನಿನ್ನ ಮೇಲೆ ಬೇಡ. ಇಪ್ಪತ್ತು ನಿಮಿಷ. ಸಿಕ್ಕಿದ್ರೂ ಸರಿ, ಸಿಗದಿದ್ರೂ ಸರಿ, ಇಪ್ಪತ್ತನೇ ನಿಮಿಷಕ್ಕೆ ಗೂಡಿನ ಏಣಿ ಮೇಲೆ ನಿನ್ನ ಕಾಲಿರ್ಬೇಕು. ಕೇಳಿಸ್ತಾ? ಅವನಿಲ್ಲದೇ ಇದ್ರೂ."

"ಬೋಟು?"

"ಅದು ತೇಲೋವಷ್ಟು ನೀರು ಬರ್ಬೇಕಲ್ಲೇ." ಅತ್ತೆ ಅವಳ ಭುಜವನ್ನು ಒಮ್ಮೆ ಅಮುಕಿ ಹಿಡಿದು, ತಳ್ಳಿದಳು.

ಎರಡನೆಯ ತೋಡು ಆಗಲೇ ತೊಡೆಯವರೆಗೆ ಏರಿತ್ತು. ನೀರು ಸದ್ದಿಲ್ಲದೆ, ಎಣ್ಣೆಯ ಹಾಗೆ ಒಳಗೆ ಹರಿಯುತ್ತಿತ್ತು. ದಾಟಿದ ಮೇಲೆ ಅವಳಿಗೆ ಕೈಯಲ್ಲಿನ ದಿಕ್ಸೂಚಿ ಬಿಟ್ಟರೆ ಜಗತ್ತಿನಲ್ಲಿ ಬೇರೇನೂ ಕಾಣಲಿಲ್ಲ. ಮೇಲೆ ಬಿಳಿ, ಸುತ್ತ ಬಿಳಿ, ಕೆಳಗೆ ಬೂದು. ತನ್ನದೇ ಹೆಜ್ಜೆಗುರುತುಗಳಲ್ಲಿ ನೀರು ಜಿನುಗಿ ನಿಲ್ಲುತ್ತಿತ್ತು. ಕೊರಳಿನ ಪೀಪಿ ಊದಿದಳು. ಏನೂ ಇಲ್ಲ. ಈಗ ಕೂಗಬೇಕು.

ಯಾರನ್ನೂ ಹೆಸರು ಹಿಡಿದು ಗಟ್ಟಿಯಾಗಿ ಕರೆದವಳಲ್ಲ ಅವಳು. ಶಾಲೆಯ ಅಂಗಳದಲ್ಲಿ ಗೆಳತಿಯನ್ನು ಕರೆಯಬೇಕಾದರೂ ಓಡಿಹೋಗಿ ತೋಳು ಎಳೆಯುತ್ತಿದ್ದಳು. ಮೊದಲ ಸಲ ಆ ಹೆಸರು ಪಿಸುಮಾತಿನಂತೆ ಬಂತು. ಎರಡನೆಯ ಸಲ ಒಡೆದು ಬಂತು. ಮೂರನೆಯ ಸಲ ಅವಳು ಕಣ್ಣು ಮುಚ್ಚಿಕೊಂಡು, ಹೊಟ್ಟೆಯಿಂದ, ಗಂಟಲು ಹರಿಯುವಂತೆ ಕೂಗಿದಳು.

"ಆನ್ಸ್‌ಗರ್!"

ಹನ್ನೊಂದು ನಿಮಿಷ. ಅವನು ಸತ್ತಿದ್ದರೆ ಎಂದು ಯೋಚಿಸಿದಳು. ಅವನು ಸತ್ತರೆ ತಾನು ಕೊಂದಂತೆ, ಕೊಂದದ್ದಕ್ಕೆ ಕಾರಣ ಕೇಳಿದರೆ ಆ ಕಾರಣಕ್ಕೊಂದು ಹೆಸರೂ ಇಲ್ಲ. ಹದಿಮೂರು ನಿಮಿಷ. ಪಾದದ ಮೇಲೆ ನೀರು. ಮರಳಿನ ಬೆನ್ನೂ ಮುಳುಗತೊಡಗಿತ್ತು. ಗೂಡಿನ ಕಂಬ ಎಡಕ್ಕೆ ಕಪ್ಪಗೆ ಕಂಡು ಮಾಯವಾಯಿತು. ಈಗ ಅತ್ತ ತಿರುಗಿದರೆ ತಾನು ಉಳಿಯುತ್ತೇನೆ ಎಂದು ಗೊತ್ತಿತ್ತು. ಕಾಲು ತಿರುಗಲು ಹೊರಟಿತ್ತು ಕೂಡ. ಅದನ್ನು ಅವಳು ಆಮೇಲೆ ಯಾರಿಗೂ ಹೇಳಲಿಲ್ಲ.

"ಇಲ್ಲಿ!" ಎಂದಿತು ದನಿ. ಬಲಗಡೆಯೋ ಹಿಂದೆಯೋ. "ಇಲ್ಲಿದೀನಿ!"

"ನಡೀಬೇಡಿ! ನಿಂತಲ್ಲೇ ನಿಂತು ಕೂಗ್ತಾ ಇರಿ!"

"ಏನಂತ ಕೂಗ್ಲಿ?"

"ಏನಾದ್ರೂ!"

ಅವನು ಮಹಡಿಗಳನ್ನು ಎಣಿಸತೊಡಗಿದ. ನೆಲಮಹಡಿ, ಮೊದಲನೇ ಮಹಡಿ, ಎರಡನೇ ಮಹಡಿ. ಒಂಬತ್ತನೆಯ ಮಹಡಿಯ ಹೊತ್ತಿಗೆ ಅವಳು ಅವನನ್ನು ಮುಟ್ಟಿದಳು. ಮೊಣಕಾಲು ಮುಳುಗುವ ನೀರಿನಲ್ಲಿ, ಒಂದು ಕಾಲಿಗೆ ಶೂ ಇಲ್ಲದೆ, ತುಟಿ ನೀಲಿಗಟ್ಟಿ ನಿಂತಿದ್ದ. ಅವಳು ಅವನ ಮುಂಗೈಯನ್ನು ಬಿಗಿಯಾಗಿ ಹಿಡಿದು ಎಳೆದುಕೊಂಡೇ ಹೊರಟಳು. ನಾಚಿಕೆಗೆ ಅಲ್ಲಿ ಸ್ಥಳವಿರಲಿಲ್ಲ. ಏಣಿಯ ಮೊದಲ ಮೂರು ಮೆಟ್ಟಿಲು ನೀರೊಳಗಿದ್ದವು.

ಗೂಡು ಎಂದರೆ ಮರದ ಪಟ್ಟಿಗಳ ಒಂದು ಪೆಟ್ಟಿಗೆ, ನಾಲ್ಕು ಜನ ಒತ್ತಿಕೊಂಡು ಕೂರುವಷ್ಟು. ಮಾರೆಟ್ ಭುಜಕ್ಕೆ ಸಿಕ್ಕಿಸಿದ್ದ ತನ್ನ ವಾಕಿಟಾಕಿಯಲ್ಲಿ ಹೇಳಿದಳು. "ಸಿಕ್ಕಿದ್ರು. ಇಬ್ರೂ ಗೂಡಲ್ಲಿದೀವಿ." ಆ ಕಡೆ ಬಹಳ ಹೊತ್ತು ಬರೀ ಗರಗರ. ಆಮೇಲೆ ಅತ್ತೆ: "ಹ್ಞೂಂ." ಅವಳ ಹಿಂದೆ ಬೆಟ್ಟಿನಾ ದೊಡ್ಡದಾಗಿ ಅಳುವುದು ಕೇಳಿಸಿತು.

ಪಟ್ಟಿಗಳ ಸಂದಿನಲ್ಲಿ ಕೆಳಗೆ ನೀರು ಕಾಣುತ್ತಿತ್ತು. ಏರುತ್ತಲೇ ಇತ್ತು.

"ಇದಕ್ಕಿಂತ ಮೇಲೆ ಬರತ್ತಾ?" ಎಂದ ಅವನು.

"ಬರಲ್ಲ. ಬಿರುಗಾಳಿ ಇದ್ರೆ ಮಾತ್ರ."

"ಬಿರುಗಾಳಿ ಇದೆಯಾ?"

"ಇಲ್ಲ."

ಅವನ ಹಲ್ಲು ಕಟಕಟ ಎನ್ನುತ್ತಿತ್ತು. ಅವಳು ತನ್ನ ಕೋಟು ತೆಗೆದು ಅವನಿಗೆ ಹೊದಿಸಿದಳು. ಅವನು ಬೇಡವೆನ್ನಲಿಲ್ಲ. "ಕೆಸರು ಶೂ ಎಳ್ಕೊಂಡ್ತು. ಕೈ ಹಾಕಿ ಹುಡುಕ್ದೆ, ಎರಡು ನಿಮಿಷ ಇರ್ಬಹುದು. ತಲೆ ಎತ್ತಿದ್ರೆ ಯಾರೂ ಇಲ್ಲ. ಕೂಗಿದೆ. ಆಮೇಲೆ ದೂರದಲ್ಲಿ ನಿಮ್ಮ ದನಿ ಕೇಳಿಸ್ತು, ಹತ್ತೊಂಬತ್ತು ಅಂತ. ಯಾವ ಕಡೆಯಿಂದ ಅಂತ ಗೊತ್ತಾಗ್ಲಿಲ್ಲ. ಆದ್ರೆ ಹತ್ತೊಂಬತ್ತು ಅಂತ ಸ್ಪಷ್ಟವಾಗಿ ಕೇಳಿಸ್ತು." ಅವನು ಅವಳ ಕಡೆ ನೋಡಿದ. "ಅಷ್ಟು ಹೆದರಿಕೆ ನಂಗೆ ಯಾವತ್ತೂ ಆಗಿಲ್ಲ. ಎಲ್ರೂ ಇದಾರೆ ಅಂತ ಅಲ್ಲಿ ಕೂಗ್ತಿದಾರೆ, ನಾನು ಇಲ್ಲಿದೀನಿ."

ಅವಳು ಕೋಟಿನ ಅಂಚನ್ನು ಅವನ ಕೊರಳವರೆಗೆ ಎಳೆದಳು.

"ಮಾತಾಡಿ ಏನಾದ್ರೂ," ಎಂದ. "ನನ್ನ ಕೆಲಸ ಅದೇ. ಲಿಫ್ಟಲ್ಲಿ ಸಿಕ್ಕಿಬಿದ್ದೋರಿಗೆ ಹೊರಗಿಂದ ಹೇಳ್ತೀನಿ, ಮಾತಾಡ್ತಾ ಇರಿ, ಏನಾದ್ರೂ ನಿಜ ಹೇಳ್ತಾ ಇರಿ, ಎದೆ ಬಡ್ಕೊಳ್ಳೋದು ಕಮ್ಮಿ ಆಗತ್ತೆ ಅಂತ. ಒಳಗೆ ಕೂತಾಗ ಹೇಗಿರತ್ತೆ ಅಂತ ಇವತ್ತು ಗೊತ್ತಾಯ್ತು. ಹೇಳಿ, ನನ್ನನ್ನ ಹೇಗೆ ಎಣಿಸಿದ್ರಿ?"

"ಎಣಿಸ್ಲಿಲ್ಲ. ಬಾತುಕೋಳೀನ ಎಣಿಸ್ದೆ."

"ಏನು?"

ಅವಳು ಹೇಳಿದಳು. ಗಂಟು ನೋಡದೆ ಸಾಕು ಎಂದದ್ದನ್ನು ಮೊದಲು ಹೇಳಿದಳು, ಏಕೆಂದರೆ ಎಲ್ಲವೂ ಅಲ್ಲಿಂದಲೇ ಶುರುವಾಗಿತ್ತು. ಆಮೇಲೆ ಗಾಳಿಯಲ್ಲಿ ನಿಂತ ಕೈ, ಅವನನ್ನು ದಾಟಿ ಓಡಿದ್ದು, ತಿರುಗದೆ ಕೂಗಿದ್ದು. ಕಾರಣವನ್ನೂ ಹೇಳಿದಳು. ಎರಡನೆಯ ಸಲ ಹೇಳುವುದು ಮೊದಲಿಗಿಂತ ಕಷ್ಟವಾಯಿತು. ಹದಿನೆಂಟು ಜನರೆದುರು ಬೂಟು ನೋಡುತ್ತ ಹೇಳಬಹುದಿತ್ತು. ಇಲ್ಲಿ ಕೆಳಗೆ ನೋಡಿದರೆ ಪಟ್ಟಿಗಳ ನಡುವೆ ನೀರು.

ಅವನು ಶೂ ಇಲ್ಲದ ಕಾಲನ್ನು ಕೋಟಿನೊಳಗೆ ಎಳೆದುಕೊಂಡ. "ಇದು ನಮ್ಮಕ್ಕನಿಗೆ ಗೊತ್ತಾ?"

"ಗೊತ್ತು. ಎಲ್ರಿಗೂ ಗೊತ್ತು. ಹೇಳ್ದೇ ಇದ್ರೆ ನಿಮ್ಮನ್ನ ಬೇರೆ ಕಡೆ ಹುಡುಕ್ತಿದ್ರು."

"ಅಂದ್ರೆ ಈ ಸಮುದ್ರದಲ್ಲಿ ನನಗೊಬ್ಬನಿಗೇ ಗೊತ್ತಿರ್ಲಿಲ್ಲ."

ನಗುತ್ತಿದ್ದಾನೋ ನಡುಗುತ್ತಿದ್ದಾನೋ ಹೇಳುವುದು ಕಷ್ಟವಾಗಿತ್ತು. ಎಲ್ಲೋ ಬೋಟಿನ ಇಂಜಿನ್ ಸದ್ದು ಕೇಳಿಸಿತು, ಹತ್ತಿರ ಬಂತು, ತಪ್ಪಿ ದೂರ ಹೋಯಿತು. ಇಬ್ಬರೂ ಉಸಿರು ಹಿಡಿದರು. ಅವಳು ಪೀಪಿಯನ್ನು ಕೆನ್ನೆ ಊದಿಸಿ ಊದಿದಳು. ಇಂಜಿನ್ ನಿಂತಿತು. ಮತ್ತೆ ಶುರುವಾಗಿ, ಈ ಸಲ ತಮ್ಮತ್ತ ತಿರುಗಿತು.

"ನಿಮ್ಮ ಮೇಲೆ ಕೋಪ ಬಂದಿದೆ ನಂಗೆ," ಎಂದ ಅವನು ಅವಸರದಲ್ಲಿ, ಬೋಟು ಬರುವುದರೊಳಗೆ ಮುಗಿಸಬೇಕೆನ್ನುವಂತೆ. "ತುಂಬಾ ಕೋಪ. ಇನ್ನೂ ಏನೋ ಬಂದಿದೆ. ಈಗ ಹೇಳಿದ್ರೆ ಅದು ಹೆದರಿಕೆಗೆ ಹೇಳಿದ್ದೋ ಏನೋ ನಂಗೇ ಗೊತ್ತಾಗಲ್ಲ. ಒಣ ನೆಲದ ಮೇಲೆ ಕೇಳಿ."

"ನಾನು ಕೇಳಲ್ಲ," ಎಂದಳು ಮಾರೆಟ್. ಅಷ್ಟು ಧೈರ್ಯ ಅವಳಲ್ಲಿ ಉಳಿದಿರಲಿಲ್ಲ.

"ಹಾಗಿದ್ರೆ ನಾನೇ ಹೇಳ್ತೀನಿ. ಒಳ್ಳೇದೋ ಕೆಟ್ಟದ್ದೋ, ಒಣ ನೆಲದ ಮೇಲೆ."

ಬೋಟು ನಡೆಸುವ ಕೆಟೆಲ್ ಅವರನ್ನು ಆಲೂಗೆಡ್ಡೆ ಮೂಟೆ ಇಳಿಸಿದಂತೆ ಇಳಿಸಿಕೊಂಡ. ದ್ವೀಪದ ಕಟ್ಟೆಯ ಹತ್ತಿರ ಬೆಟ್ಟಿನಾ ಮೆಟ್ಟಿಲಿಳಿದು ಸೊಂಟದವರೆಗೆ ನೀರಿಗೇ ಬಂದು ತಮ್ಮನನ್ನು ತಬ್ಬಿಕೊಂಡಳು, ಆಮೇಲೆ ಬೆನ್ನಿಗೆ ಎರಡು ಬಾರಿಸಿದಳು. ಮಾರೆಟ್‌ಳನ್ನು ನೋಡಿ, "ನಿಮಗೆ ಥ್ಯಾಂಕ್ಸ್ ಹೇಳೋಕೆ ನನ್ನಿಂದ ಆಗಲ್ಲ," ಎಂದಳು. ಮಾರೆಟ್ ತಲೆಯಾಡಿಸಿದಳು. ಮೇಲೆ ನಿಂತಿದ್ದ ಅತ್ತೆ ಬಗ್ಗಿ ಕೈಚಾಚಿ, ಮಾರೆಟ್‌ಳ ಕೊರಳಿನ ಪೀಪಿಯನ್ನೂ ದಿಕ್ಸೂಚಿಯನ್ನೂ ತೆಗೆದುಕೊಂಡು ತನ್ನ ಜೇಬಿಗೆ ಹಾಕಿಕೊಂಡಳು.

"ಈ ವರ್ಷ ಇಲ್ಲ," ಎಂದಳು. "ಮುಂದಿನ ವರ್ಷದ್ದು ಮುಂದಿನ ವರ್ಷ." ದನಿ ಗಡುಸಾಗಿತ್ತು, ಆದರೆ ಜೇಬಿನಿಂದ ಹೊರಬಂದ ಕೈ ಮಾರೆಟ್‌ಳ ಭುಜವನ್ನು ಒಮ್ಮೆ ಮುಟ್ಟಿತು. ಬೆಟ್ಟಿನಾಳ ತೋಳು ಹಿಡಿದು ಚಹಾ ಇರುವ ಕಡೆಗೆ ಕರೆದುಕೊಂಡು ಹೋದಳು.

ಆನ್ಸ್‌ಗರ್ ಅವರ ಜೊತೆ ಹೋಗಲಿಲ್ಲ. ಕುಂಟುತ್ತ ಮೆಟ್ಟಿಲೇರಿದ. ಪಾಚಿ ಹಿಡಿದ ಕಲ್ಲುಗಳನ್ನು ದಾಟಿದ, ಅಲೆ ಎಸೆದ ಹಸಿ ಹುಲ್ಲಿನ ಗೆರೆಯನ್ನು ದಾಟಿದ. ಬಗ್ಗಿ ನೆಲವನ್ನು ಅಂಗೈಯಿಂದ ಮುಟ್ಟಿ ನೋಡಿದ. ತೃಪ್ತಿಯಾಗದೆ ಇನ್ನೂ ನಾಲ್ಕು ಹೆಜ್ಜೆ ಮೇಲೆ ಹೋದ. ಅಲ್ಲಿ ನಿಂತು, ಅವಳ ಕೋಟು ಹೊದ್ದುಕೊಂಡೇ, ಬೋಟಿನ ಕಡೆ ತಿರುಗಿ ಕಾಯತೊಡಗಿದ.

ಮಾರೆಟ್ ಬೋಟಿನ ಅಂಚು ಹಿಡಿದು ಕೂತೇ ಇದ್ದಳು.

"ಇಳಿಯಮ್ಮ ತಾಯಿ," ಎಂದ ಕೆಟೆಲ್. "ಮೀನು ಹುರಿದಿಟ್ಟು ಬಂದಿದೀನಿ, ಆರಿಹೋಗತ್ತೆ."

ಅವಳು ಇಳಿದಳು.